ನಾಯಿಯ ಗುರುಗುಟ್ಟುವಿಕೆ ಮತ್ತು ಗತಕಾಲದ ಆಘಾತ: ನಂಜನಗೂಡು, ತಿರುಮಕೂಡಲು ನರಸೀಪುರ ಪ್ರದೇಶಗಳನ್ನು ಕುರಿತು ಕೆಲವು ವಿಚಾರಗಳು

ನಾಯಿಯ ಕಂಠದಿಂದ ಹೊರಡುವ ಧ್ವನಿಗಳಿಗೆ ಕನ್ನಡದಲ್ಲಿ ಬೇರೆ ಬೇರೆ ಹೆಸರುಗಳುಂಟು. ಅದು ಬೊಗಳುತ್ತದೆ, ಊಳಿಡುತ್ತದೆ, ಕುಂಯ್‌ಗುಟ್ಟುತ್ತದೆ, ಗುರುಗುಟ್ಟುತ್ತದೆ. ಇವುಗಳಲ್ಲಿ ಕೊನೆಯದನ್ನು ನಾವು ಮನುಷ್ಯರಿಗೂ ಅನ್ವಯಿಸುತ್ತೇವೆ. ಸಿಡುಕಿನವನೊಬ್ಬನನ್ನು ಕುರಿತು ‘ಅವನು ಸದಾ ಗುರುಗುಟ್ಟುತ್ತಿರುತ್ತಾನೆ’ ಎನ್ನುವಾಗ ಆ ಧ್ವನಿಯು ದುಃಸ್ವಭಾವದ ಗುರುತೆಂಬ ಭಾವನೆ ನಮ್ಮ ಮನಸ್ಸಿನಲ್ಲಿ ಇದ್ದೇ ಇರುತ್ತದೆ. ನಾಯಿಯ ವಿಷಯದಲ್ಲಿಯೂ ನಾವು ಸಾಮಾನ್ಯವಾಗಿ ಕೊಡುವ ತೀರ್ಪು ಇದೇ. ಗುರುಗುಟ್ಟಿದ ನಾಯಿಗೆ ಒಂದೆರಡು ಏಟು ಬೀಳುತ್ತವೆ; ಮತ್ತೆ ಮತ್ತೆ ಗುರುಗುಟ್ಟಿದರೆ ಅದನ್ನು ಊರಾಚೆ ಬಿಟ್ಟುಬರುವುದೂ ಉಂಟು. ಈ ತೀರ್ಪು ಎಷ್ಟರಮಟ್ಟಿಗೆ ಸರಿಯಾದುದು, ಹಿಂದೆ ಅನುಭವಿಸಿದ ಭಯ ಮತ್ತು ನೋವುಗಳು ಈ ಧ್ವನಿಯನ್ನು ಹೇಗೆ ರೂಪಿಸುತ್ತವೆ ಎಂಬುದೇ ಪ್ರಕೃತ ಲೇಖನದ ವಿಷಯ.

ಇದು ಪ್ರಾಣಿಶಾಸ್ತ್ರದವರ ಕೆಲಸ, ಇತಿಹಾಸದ ಅಧ್ಯಾಪಕನಿಗೆ ಇಲ್ಲಿ ಏನು ಅಧಿಕಾರವೆಂದು ಯಾರಾದರೂ ಕೇಳಬಹುದು. ಕಣ್ಣೆದುರಿಗಿರುವ ಕುರುಹಿನಿಂದ ಕಣ್ಣಿಗೆ ಕಾಣದ ಗತವನ್ನು ಊಹಿಸುವುದು ನಮ್ಮ ವೃತ್ತಿ. ಆ ಊಹೆಯಲ್ಲಿ ಎಲ್ಲೆಲ್ಲಿ ಎಡವಬಹುದೆಂಬುದೂ ನಮಗೆ ಒಂದಿಷ್ಟು ಗೊತ್ತು. ನಾಯಿಯ ಗುರುಗುಟ್ಟುವಿಕೆ ಅಂಥದೊಂದು ಕುರುಹು.

ಮೊದಲು ಆ ಧ್ವನಿಯ ಸ್ವರೂಪವನ್ನು ತಿಳಿಯಬೇಕು. ಆಟದ ಸಂದರ್ಭವನ್ನು ಬಿಟ್ಟರೆ, ಗುರುಗುಟ್ಟುವಿಕೆಯು ಮುಖ್ಯವಾಗಿ ದೂರವನ್ನು ಬೇಡುವ ಧ್ವನಿ. ‘ಅಲ್ಲಿಯೇ ನಿಲ್ಲು, ಇನ್ನು ಹತ್ತಿರ ಬಾರದಿರು’ ಎಂಬುದು ಅದರ ಅರ್ಥ. ಕಚ್ಚಿ ಕಾದಾಡಿದರೆ ಗೆದ್ದ ನಾಯಿಗೂ ಗಾಯ ತಪ್ಪಿದ್ದಲ್ಲ; ಆದುದರಿಂದ ಕಾದಾಟವನ್ನು ತಪ್ಪಿಸುವ ಸಂಜ್ಞೆಯೊಂದು ಈ ಜಾತಿಯಲ್ಲಿ ಬೆಳೆದು ಬಂದಿದೆ. ಬುಡಾಪೆಸ್ಟ್ ನಗರದ ಏಟ್ವಾಶ್ ಲೊರಾಂಡ್ ವಿಶ್ವವಿದ್ಯಾನಿಲಯದ ಫರಾಗೊ, ಪೊಂಗ್ರಾಟ್ಸ್, ಮಿಕ್ಲೋಶಿ ಮೊದಲಾದ ವಿದ್ವಾಂಸರು 2010ರಲ್ಲಿ ಪ್ರಕಟಿಸಿದ ಒಂದು ಪ್ರಯೋಗ ಇಲ್ಲಿ ಉಲ್ಲೇಖಾರ್ಹವಾಗಿದೆ. ಎಲುಬನ್ನು ಕಾಯುವ ನಾಯಿಯ ಗುರುಗುಟ್ಟುವಿಕೆ, ಅಪರಿಚಿತನನ್ನು ಕಂಡ ನಾಯಿಯದು, ಆಟದಲ್ಲಿರುವ ನಾಯಿಯದು ಎಂಬ ಮೂರು ಬಗೆಯ ಧ್ವನಿಗಳನ್ನು ಮುದ್ರಿಸಿಕೊಂಡು, ಎಲುಬಿನ ಸಮೀಪಕ್ಕೆ ಬಂದ ಬೇರೆ ನಾಯಿಗಳಿಗೆ ಕೇಳಿಸಿದರು. ಎಲುಬು ಕಾಯುವ ಧ್ವನಿಗೆ ಹಿಂಜರಿದಷ್ಟು ಆ ನಾಯಿಗಳು ಉಳಿದೆರಡಕ್ಕೆ ಹಿಂಜರಿಯಲಿಲ್ಲ. ನಮ್ಮ ಕಿವಿಗೆ ಒಂದೇ ಆಗಿ ಕೇಳುವುದರಲ್ಲಿ ಅವು ಭೇದವನ್ನು ಗುರುತಿಸುತ್ತವೆ. 2017ರಲ್ಲಿ ಇದೇ ತಂಡದವರು ಮನುಷ್ಯರನ್ನು ಪರೀಕ್ಷಿಸಿದಾಗ, ಕೇಳುಗರು ಸುಮಾರು 63 ಪ್ರತಿಶತ ಸಂದರ್ಭಗಳನ್ನು ಸರಿಯಾಗಿ ಗುರುತಿಸಿದರು. ಆಟದ ಧ್ವನಿಯನ್ನು ಗುರುತಿಸುವುದು ಅವರಿಗೆ ಸುಲಭವಾಯಿತು. ಬೆದರಿಕೆಯ ಎರಡು ಬಗೆಗಳಲ್ಲಿ ಹೆಚ್ಚು ತಡವರಿಸಿದರು.

ಹೀಗೆ ದೂರವನ್ನು ಬೇಡುವ ಧ್ವನಿಯೆಂದ ಮೇಲೆ, ಎಷ್ಟು ದೂರ, ಯಾರಿಂದ, ಯಾವಾಗ ಎಂಬ ಪ್ರಶ್ನೆಗಳು ಬರುತ್ತವೆ. ಗತಾನುಭವವು ಪ್ರವೇಶಿಸುವುದು ಇಲ್ಲಿಯೇ. ಇದಕ್ಕೆ ವಿಜ್ಞಾನದ ಚರಿತ್ರೆಯಲ್ಲಿ ಒಂದು ಪ್ರಸಿದ್ಧ ದೃಷ್ಟಾಂತವಿದೆ. 1924ರ ಸೆಪ್ಟೆಂಬರ್ 23ರಂದು ಲೆನಿನ್‌ಗ್ರಾಡ್ ನಗರದಲ್ಲಿ ನೇವಾ ನದಿ ಉಕ್ಕಿ ಹರಿಯಿತು. ಇವಾನ್ ಪಾವ್ಲೋವನ ಪ್ರಯೋಗದ ನಾಯಿಗಳು ನೆಲಮಟ್ಟದ ಗೂಡುಗಳಲ್ಲಿದ್ದವು. ನೀರು ಏರುತ್ತಿರಲು ಅವುಗಳನ್ನು ಹೊರಗೆಳೆದು, ಈಜಿಸಿಕೊಂಡು ಮುಖ್ಯ ಕಟ್ಟಡಕ್ಕೆ ಸಾಗಿಸಬೇಕಾಯಿತು. ನೀರಿಳಿದ ಮೇಲೆ ನೋಡಿದರೆ, ಕೆಲವು ನಾಯಿಗಳು ತಿಂಗಳುಗಟ್ಟಲೆ ಕಲಿತಿದ್ದ ಪ್ರತಿಕ್ರಿಯೆಗಳನ್ನೇ ಕಳೆದುಕೊಂಡಿದ್ದವು. ತಾಳ್ಮೆಯಿಂದ ಅವುಗಳನ್ನು ಮತ್ತೆ ಮೊದಲಿನ ಸ್ಥಿತಿಗೆ ತಂದುದಾಯಿತು. ಅನಂತರ ಪ್ರಯೋಗಶಾಲೆಯ ಬಾಗಿಲ ಕೆಳಗಿನಿಂದ ಒಂದಿಷ್ಟು ನೀರು ಹರಿದು ಬರುವಂತೆ ಮಾಡಿದಾಗ, ಗುಣವಾಗಿತ್ತೆಂದು ತಿಳಿದಿದ್ದ ನಾಯಿ ಮತ್ತೆ ತಲ್ಲಣಿಸಿ, ಮರಳಿ ಬಂದಿದ್ದುದನ್ನೆಲ್ಲ ಪುನಃ ಕಳೆದುಕೊಂಡಿತು. ಪಾವ್ಲೋವನ ಶಾಲೆಯವರು ಅಳೆದದ್ದು ಲಾಲಾರಸವನ್ನು, ಗುರುಗುಟ್ಟುವಿಕೆಯನ್ನಲ್ಲ. ಆದರೂ ನಮ್ಮ ಪ್ರಶ್ನೆಗೆ ಬೇಕಾದ ಸಂಗತಿ ಇದರಲ್ಲಿದೆ. ಪ್ರಾಣಾಪಾಯದ ನೆನಪು ಶಮನವಾಗಬಲ್ಲುದೇ ಹೊರತು ಸಂಪೂರ್ಣವಾಗಿ ಅಳಿಯುವುದಿಲ್ಲ. ಇಡೀ ಘಟನೆ ಮರುಕಳಿಸಬೇಕಾಗಿಯೂ ಇಲ್ಲ, ಅದರ ಒಂದು ಎಳೆ ಸಾಕು.

ಅದೇ 1924ರ ಜುಲೈ ತಿಂಗಳಿನಲ್ಲಿ ಕಾವೇರಿಯಲ್ಲಿಯೂ ಮಹಾಪ್ರವಾಹ ಬಂದಿತ್ತು; ಕೇರಳದವರು ಆ ವರ್ಷದ ಪ್ರವಾಹವನ್ನು ಕೊಲ್ಲಂ ಶಕೆ 1099ರ ಲೆಕ್ಕದಲ್ಲಿ ಇಂದಿಗೂ ‘ತೊಂಬತ್ತೊಂಬತ್ತರ ಪ್ರವಾಹ’ವೆಂದು ನೆನೆಯುತ್ತಾರೆ. ನಮ್ಮ ಕಡೆಯಲ್ಲಿ ಆಗ ನಾಯಿಗಳ ಪಾಡನ್ನು ಬರೆದಿಟ್ಟ ಪಾವ್ಲೋವ್ ಇರಲಿಲ್ಲ. ಆದರೆ ಪ್ರವಾಹಗಳೇನೋ ಮುಂದುವರಿದಿವೆ. 2018 ಮತ್ತು 2019ರ ಆಗಸ್ಟ್ ತಿಂಗಳುಗಳಲ್ಲಿ ಕಬಿನಿ ಜಲಾಶಯದಿಂದ ಬಿಟ್ಟ ನೀರಿನಿಂದ ಕಪಿಲೆ ಉಕ್ಕಿದಾಗ ನಂಜನಗೂಡಿನ ಸ್ನಾನಘಟ್ಟದ ಬಳಿಯ ಹದಿನಾರು ಕಾಲು ಮಂಟಪ ಮುಳುಗಿತು. ಮಲ್ಲನಮೂಲೆ ಮಠದ ಬಳಿ ಮೈಸೂರು ರಸ್ತೆಯ ಮೇಲೆ ನೀರು ನಿಂತಿತು. ತಗ್ಗಿನ ಬೀದಿಗಳ ಜನ ಮನೆ ಬಿಟ್ಟು ಪರಿಹಾರ ಕೇಂದ್ರಗಳನ್ನು ಸೇರಿದರು. ಕೆಳಗೆ ತಿರುಮಕೂಡಲಿನಲ್ಲಿ ಕಪಿಲೆ ಕಾವೇರಿಯನ್ನು ಕೂಡುವುದರಿಂದ ಎರಡು ನದಿಗಳೂ ತುಂಬಿದಾಗ ನರಸೀಪುರದ ದಡಗಳಿಗೂ ಇದೇ ಅವಸ್ಥೆ.

ಇಂಥ ಸಮಯದಲ್ಲಿ ಸರಪಳಿಯಲ್ಲಿ ಕಟ್ಟಿದ ನಾಯಿಯ ಸ್ಥಿತಿಯನ್ನು ಯೋಚಿಸಬಹುದು. ಬಿಟ್ಟ ನಾಯಿ ಎತ್ತರದ ಜಗಲಿಯನ್ನು ಹುಡುಕಿಕೊಂಡೀತು. ಕಟ್ಟಿದ ನಾಯಿಗೆ ನೀರು ಹೊಟ್ಟೆ ಮುಟ್ಟುವವರೆಗೂ ನಿಂತಿರುವುದೊಂದೇ ದಾರಿ. ಕೊನೆಗೆ ಯಾರೋ ಕತ್ತಲಲ್ಲಿ ಟಾರ್ಚು ಹಿಡಿದು ಬಂದು, ಕೊರಳ ಪಟ್ಟಿಯನ್ನು ಬಲವಾಗಿ ಎಳೆದು ಬಿಡಿಸುತ್ತಾರೆ. ನಾಯಿಯ ಮಟ್ಟಿಗೆ ಏರುವ ನೀರು, ಟಾರ್ಚಿನ ಬೆಳಕು, ಕೊರಳಿಗೆ ಬಂದ ಕೈ ಎಲ್ಲವೂ ಒಂದೇ ಭಯದ ಅಂಗಗಳಾಗುತ್ತವೆ. ತನ್ನನ್ನು ಉಳಿಸಿದ ಕೈ ಯಾವುದು, ಮುಳುಗಿಸಲಿದ್ದ ನೀರು ಯಾವುದು ಎಂಬ ವಿವೇಚನೆಯನ್ನು ಅದರ ಮಿದುಳಿನ ಭಯದ ಕೇಂದ್ರ ಮಾಡುವುದಿಲ್ಲ. ಮುಂದೊಂದು ದಿನ ಮಳೆಯ ಸಂಜೆ ಯಜಮಾನನೇ ಕೊರಳ ಪಟ್ಟಿಗೆ ಕೈಹಾಕಿದಾಗ ಅದು ಗುರುಗುಟ್ಟಿದರೆ, ಅದನ್ನು ಕೃತಘ್ನತೆಯೆನ್ನುವುದು ಆ ಪ್ರಾಣಿಗೆ ಅನ್ಯಾಯವೇ ಸರಿ. ಮಿದುಳಿನಲ್ಲಿ ಅಮಿಗ್ಡಲವೆಂಬ ಬಾದಾಮಿಯಾಕಾರದ ಭಾಗವು ಭಯದ ಕಲಿಕೆಯಲ್ಲಿ ಪ್ರಮುಖವಾದುದೆಂದು ಶರೀರಶಾಸ್ತ್ರಜ್ಞರು ತೋರಿಸಿದ್ದಾರೆ. ಅದರ ಕೆಲಸ ಶೀಘ್ರ, ಆದರೆ ಸೂಕ್ಷ್ಮವಲ್ಲ.

ನರಸೀಪುರ ತಾಲ್ಲೂಕಿನಲ್ಲಿ ಇದರ ಮತ್ತೊಂದು ಮುಖವನ್ನು ಕಾಣುತ್ತೇವೆ. 2022ರ ಅಕ್ಟೋಬರ್ ಕೊನೆಯಿಂದ 2023ರ ಜನವರಿಯವರೆಗೆ ಆ ತಾಲ್ಲೂಕಿನಲ್ಲಿ ಚಿರತೆಯ ದಾಳಿಗೆ ನಾಲ್ವರು ಬಲಿಯಾದರು. ಅವರಲ್ಲಿ ಇಬ್ಬರು ಕಾಲೇಜು ವಿದ್ಯಾರ್ಥಿಗಳು. ಕಬ್ಬಿನ ಗದ್ದೆಗಳು ಚಿರತೆಗೆ ಒಳ್ಳೆಯ ಮರೆ. ಅದರ ಆಹಾರದಲ್ಲಿ ನಾಯಿಗೆ ಎಂಥ ಸ್ಥಾನವಿದೆಯೆಂಬುದು ಮಹಾರಾಷ್ಟ್ರದ ಅಕೋಲೆ ಕಣಿವೆಯಲ್ಲಿ ವಿದ್ಯಾ ಆತ್ರೇಯ ಮತ್ತು ಸಂಗಡಿಗರು ನಡೆಸಿದ ಅಧ್ಯಯನದಿಂದ ತಿಳಿಯುತ್ತದೆ: ಅಲ್ಲಿನ ಚಿರತೆಗಳು ತಿಂದ ಬೇಟೆಯ ತೂಕದಲ್ಲಿ ಸುಮಾರು 39 ಪ್ರತಿಶತ ಸಾಕುನಾಯಿಯದೇ ಆಗಿತ್ತು. ಹಾಗಿರುವಾಗ ಕಬ್ಬಿನ ಸೀಮೆಯ ಹಳ್ಳಿಗಳಲ್ಲಿ ಜೊತೆಯ ನಾಯಿಯನ್ನು ಚಿರತೆ ಹೊತ್ತೊಯ್ದುದನ್ನು ಕಂಡ, ಅಥವಾ ತಾನೇ ಅದರ ಬಾಯಿಯಿಂದ ತಪ್ಪಿಸಿಕೊಂಡ ನಾಯಿಗಳು ಇರಬಹುದಾದುದು ಸಹಜ. ಅಂಥ ನಾಯಿ ರಾತ್ರಿಯ ಹೊತ್ತು ಕಬ್ಬಿನ ಗರಿಯ ಸದ್ದಿಗೆಲ್ಲ ಗುರುಗುಟ್ಟಿದರೆ ಮನೆಯವರಿಗೆ ನಿದ್ದೆ ಕೆಡುವುದು ನಿಜ. ಹತ್ತರಲ್ಲಿ ಒಂಬತ್ತು ಸಲ ಅದು ಗಾಳಿಯ ಸದ್ದೇ ಆಗಿದ್ದೀತು. ಅದನ್ನು ಗದರಿಸಿ ಸುಮ್ಮನಾಗಿಸುವ ಮುನ್ನ ಹತ್ತನೆಯ ಸಲವನ್ನು ನೆನೆಯಬೇಕು. ಇಲ್ಲಿ ಗತದ ಆಘಾತವು ನಾಯಿಯನ್ನು ಅತಿಯಾಗಿ ಎಚ್ಚರವಾಗಿಸಿದೆ, ಆದರೆ ಸುಳ್ಳುಗಾರನನ್ನಾಗಿ ಮಾಡಿಲ್ಲ.

ಇಷ್ಟು ಹೇಳಿದ ಮೇಲೆ ಒಂದು ಎಚ್ಚರಿಕೆಯ ಮಾತನ್ನೂ ಹೇಳಬೇಕು. ಗುರುಗುಟ್ಟುವ ನಾಯಿಯನ್ನು ಕಂಡೊಡನೆ ‘ಪಾಪ, ಇದನ್ನು ಹಿಂದೆ ಯಾರೋ ಹೊಡೆದಿದ್ದಾರೆ’ ಎಂದು ನಿರ್ಧರಿಸುವ ದಯಾಳುಗಳು ಈಚೆಗೆ ಹೆಚ್ಚಾಗಿದ್ದಾರೆ. ಇದು ಐತಿಹ್ಯವನ್ನು ಇತಿಹಾಸವೆಂದು ಭ್ರಮಿಸಿದಂತೆ. ಸಂಧಿವಾತ, ಕಿವಿಯ ಹುಣ್ಣು, ಹಲ್ಲುನೋವುಗಳಿಂದಲೂ ನಾಯಿ ಗುರುಗುಟ್ಟುತ್ತದೆ. ಆಗ ಕಾರಣವಿರುವುದು ಗತದಲ್ಲಲ್ಲ, ವರ್ತಮಾನದ ದೇಹದಲ್ಲಿ. ಏನೂ ಆಗದಿರುವುದರಿಂದಲೂ ಗುರುಗುಟ್ಟೀತು. ಫ್ರೀಡ್‌ಮನ್ ಮತ್ತು ಸಂಗಡಿಗರು 1961ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಹದಿನಾಲ್ಕು ವಾರಗಳವರೆಗೆ ಮನುಷ್ಯರ ಸಂಪರ್ಕವಿಲ್ಲದೆ ಬೆಳೆದ ಮರಿಗಳು ಯಾವ ಏಟನ್ನೂ ತಿನ್ನದಿದ್ದರೂ ಮನುಷ್ಯರಿಗೆ ಅತಿಯಾಗಿ ಹೆದರುವಂತಾದವು. ಬೀದಿಯ ಮೋರಿಯಲ್ಲಿ ಹುಟ್ಟಿ ಬೆಳೆದ ಮರಿಯ ಭಯಕ್ಕೆ ಇದೂ ಒಂದು ಕಾರಣವಾಗಬಹುದು. ಇನ್ನು ವಂಶಗುಣವುಂಟು. ಎಸ್ಪಿನೋಸಾ, ಹೆಕ್ಟ್ ಮೊದಲಾದವರು 4,497 ನಾಯಿಗಳನ್ನು ಕುರಿತು 2025ರಲ್ಲಿ ಪ್ರಕಟಿಸಿದ ಅಧ್ಯಯನವು, ಮೊದಲ ಆರು ತಿಂಗಳಲ್ಲಿ ಕಷ್ಟವನ್ನು ಅನುಭವಿಸಿದ ನಾಯಿಗಳಲ್ಲಿ ಭಯವೂ ಆಕ್ರಮಣ ಪ್ರವೃತ್ತಿಯೂ ಹೆಚ್ಚೆಂದು ತೋರಿಸಿದೆ. ಜೊತೆಗೆ, ಈ ಪರಿಣಾಮವು ತಳಿಯಿಂದ ತಳಿಗೆ ಭಿನ್ನವೆಂಬುದನ್ನೂ ಹೇಳಿದೆ.

ಮೌನವನ್ನೂ ಗಮನಿಸಬೇಕು. ಸೆಲಿಗ್‌ಮನ್ ಮತ್ತು ಮೇಯರ್ ಅಮೆರಿಕದ ಪೆನ್ಸಿಲ್ವೇನಿಯಾ ವಿಶ್ವವಿದ್ಯಾನಿಲಯದಲ್ಲಿ ನಡೆಸಿ 1967ರಲ್ಲಿ ಪ್ರಕಟಿಸಿದ ಪ್ರಯೋಗಗಳು ಕ್ರೂರವಾದುವೆಂದು ಹೇಳದೆ ಗತ್ಯಂತರವಿಲ್ಲ. ತಪ್ಪಿಸಿಕೊಳ್ಳಲಾಗದ ವಿದ್ಯುದಾಘಾತಕ್ಕೆ ಗುರಿಯಾದ ನಾಯಿಗಳಲ್ಲಿ ಹೆಚ್ಚಿನವು, ಅನಂತರ ತಪ್ಪಿಸಿಕೊಳ್ಳುವ ದಾರಿಯಿದ್ದಾಗಲೂ ಪ್ರಯತ್ನಿಸದೆ ಸುಮ್ಮನೆ ಸಹಿಸಿಕೊಂಡವು. ಆದುದರಿಂದ ಎಲ್ಲ ಆಘಾತವೂ ಗುರುಗುಟ್ಟುವುದಿಲ್ಲ. ಮೂಲೆಯಲ್ಲಿ ಮುದುಡಿ, ಏನು ಮಾಡಿದರೂ ಸುಮ್ಮನಿರುವ ನಾಯಿಯನ್ನು ‘ಬಹಳ ಸಾಧು’ ಎಂದು ಹೊಗಳುವ ಮುನ್ನ ಯೋಚಿಸಬೇಕು.

ಶಾಸನಗಳ ವಿದ್ಯಾರ್ಥಿಗಳಿಗೆ ಇಲ್ಲಿ ಆತಕೂರಿನ ಕಲ್ಲು ನೆನಪಾಗದಿರದು. ಕ್ರಿ.ಶ. 949–50ರ ಈ ಶಾಸನವು ಗಂಗ ಬೂತುಗನು ಮಣಲೇರನಿಗೆ ಮೆಚ್ಚಿ ಕೊಟ್ಟ ಕಾಳಿಯೆಂಬ ಬೇಟೆನಾಯಿಯನ್ನು ಕುರಿತು ಹೇಳುತ್ತದೆ. ಅದು ಮಹಾವರಾಹವೊಂದರೊಡನೆ ಹೋರಾಡಿ, ಎರಡೂ ಸತ್ತವು. ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿದ್ದ ಆ ಕಲ್ಲು ಈಗ ಬೆಂಗಳೂರಿನ ವಸ್ತುಸಂಗ್ರಹಾಲಯದಲ್ಲಿದೆ. ನಾಯಿ ಹಂದಿಗಳ ಹೋರಾಟವನ್ನು ಅದರ ಮೇಲೆ ಕಾಣಬಹುದು. ಸತ್ತ ಕಾಳಿಗೆ ಕಲ್ಲು ನಿಂತಿತು, ಭೂಮಿ ದತ್ತಿಯಾಯಿತು. ಹಂದಿಯ ಕೋರೆಯಿಂದ ಸೀಳಿಸಿಕೊಂಡೂ ಬದುಕಿ ಉಳಿದ ನಾಯಿಗಳ ಚರಿತ್ರೆಯನ್ನು ಯಾವ ಶಾಸನವೂ ಹೇಳುವುದಿಲ್ಲ. ಅವುಗಳ ಸ್ವರ ಮತ್ತು ನಡವಳಿಕೆಗಳಲ್ಲದೆ ಬೇರೆ ಆಕರವಿಲ್ಲ.

ಈ ಆಕರವನ್ನು ನಾವೇ ನಾಶಮಾಡುವ ಸಂಭವವೂ ಉಂಟು. ಗುರುಗುಟ್ಟಿದಾಗಲೆಲ್ಲ ಏಟು ತಿಂದ ನಾಯಿ ಗುರುಗುಟ್ಟುವುದನ್ನು ಬಿಡಬಹುದು. ಭಯವನ್ನು ಮಾತ್ರ ಬಿಡುವುದಿಲ್ಲ. ಮುನ್ಸೂಚನೆಯ ಮೆಟ್ಟಿಲು ಹೋಗಿ ನೇರವಾಗಿ ಕಡಿತವೇ ಉಳಿಯುತ್ತದೆ. ‘ಏನೂ ಸುಳಿವು ಕೊಡದೆ ಕಚ್ಚಿತು’ ಎಂಬ ದೂರುಗಳಲ್ಲಿ ಕೆಲವಕ್ಕಾದರೂ ಇದೇ ಮೂಲವಾಗಿರಬೇಕು. ಹೆರಾನ್ ಮತ್ತು ಸಂಗಡಿಗರು 2009ರಲ್ಲಿ ಪ್ರಕಟಿಸಿದ ಸಮೀಕ್ಷೆಯಲ್ಲಿ, ನಾಯಿಯನ್ನು ಹೊಡೆದ ಅಥವಾ ಒದೆದ ಯಜಮಾನರಲ್ಲಿ 43 ಪ್ರತಿಶತ ಮಂದಿ ತಮ್ಮ ನಾಯಿ ಅದಕ್ಕೆ ಆಕ್ರಮಣದಿಂದಲೇ ಉತ್ತರಿಸಿತೆಂದರು. ಏಟು ತಿನ್ನುವ ನಾಯಿಗೆ ಹಳೆಯ ಆಘಾತದ ಮೇಲೆ ಹೊಸದೊಂದು ಸೇರುತ್ತದೆ. ಮನೆಯ ಮಗು ಮಾತ್ರ ಗಂಟೆಯಿಲ್ಲದ ಬಾಗಿಲ ಮುಂದೆ ನಿಂತಿರುತ್ತದೆ.

ಕಾಲೇಜುಗಳಿಗೂ ಈ ವಿಷಯ ದೂರದ್ದಲ್ಲ. 2025ರ ನವೆಂಬರ್ 7ರಂದು ಸರ್ವೋಚ್ಚ ನ್ಯಾಯಾಲಯವು ಶಿಕ್ಷಣ ಸಂಸ್ಥೆಗಳು, ಆಸ್ಪತ್ರೆಗಳು, ಬಸ್ ನಿಲ್ದಾಣಗಳು ಮೊದಲಾದ ಆವರಣಗಳಿಂದ ಬೀದಿನಾಯಿಗಳನ್ನು ಹಿಡಿದು, ಸಂತಾನಹರಣ ಶಸ್ತ್ರಚಿಕಿತ್ಸೆ ಮತ್ತು ಲಸಿಕೆಯ ಬಳಿಕ ಆಶ್ರಯಧಾಮಗಳಿಗೆ ಸಾಗಿಸಬೇಕೆಂದು ಆದೇಶಿಸಿತು. ಆದೇಶದ ಗುಣದೋಷಗಳನ್ನು ಚರ್ಚಿಸುವುದು ಇಲ್ಲಿ ಉದ್ದೇಶವಲ್ಲ. ಬಲೆ, ವಾಹನ, ಅಪರಿಚಿತ ನಾಯಿಗಳ ನಡುವಿನ ಗೂಡು ಇವೇ ಒಂದು ಆಘಾತವಾಗಬಲ್ಲುವೆಂಬುದನ್ನೂ, ಅಂಥ ಗೂಡಿನ ಮುಂದೆ ಅನ್ನ ಹಿಡಿದು ನಿಲ್ಲುವ ಕೆಲಸದವನಿಗೆ ಗುರುಗುಟ್ಟುವಿಕೆಯ ಅರ್ಥ ತಿಳಿದಿರಬೇಕೆಂಬುದನ್ನೂ ಮಾತ್ರ ಸೂಚಿಸಬಯಸುತ್ತೇನೆ.

ಪರಿಹಾರದ ಮಾರ್ಗ ಸರಳ, ಆದರೆ ನಿಧಾನವಾದುದು. ನಾಯಿ ಬೇಡಿದ ದೂರವನ್ನು ಮೊದಲು ಕೊಡಬೇಕು. ಭಯದ ಕಾರಣವನ್ನು ಅದು ಸಹಿಸುವಷ್ಟು ದೂರದಲ್ಲಿಟ್ಟು, ಆಗ ತಿಂಡಿಯನ್ನೋ ಪ್ರಿಯವಾದ ಇನ್ನೊಂದನ್ನೋ ಕೊಡುತ್ತ, ವಾರಗಟ್ಟಲೆಯಲ್ಲಿ ಸ್ವಲ್ಪ ಸ್ವಲ್ಪವೇ ಹತ್ತಿರ ತರಬೇಕು. ಇದಕ್ಕೆ ಮುನ್ನ ಪಶುವೈದ್ಯರಿಂದ ದೇಹದ ನೋವನ್ನು ಪರೀಕ್ಷಿಸಿಸಿಕೊಳ್ಳುವುದು ಅವಶ್ಯ. ಹಠಾತ್ತಾಗಿ ಸ್ವಭಾವವೂ ಸ್ವರವೂ ಬದಲಾದ ನಾಯಿಯ ವಿಷಯದಲ್ಲಿ ಹುಚ್ಚುರೋಗದ ಶಂಕೆಯನ್ನೂ ಮರೆಯಬಾರದು; ಅಂಥ ನಾಯಿ ಕಚ್ಚಿದರೆ ಗಾಯವನ್ನು ಹದಿನೈದು ನಿಮಿಷ ಸೋಪುನೀರಿನಿಂದ ತೊಳೆದು ಆ ದಿನವೇ ಆಸ್ಪತ್ರೆಗೆ ಹೋಗಬೇಕು.

ವಿದ್ಯಾರ್ಥಿಗಳು ಕೈಗೊಳ್ಳಬಹುದಾದ ಕೆಲಸವೊಂದಿದೆ. ನಂಜನಗೂಡಿನ ತಗ್ಗಿನ ಬೀದಿಗಳಲ್ಲಿಯೂ ನರಸೀಪುರದ ಕಬ್ಬಿನ ಸೀಮೆಯ ಊರುಗಳಲ್ಲಿಯೂ ಮನೆಮನೆಗೆ ಹೋಗಿ, ನಾಯಿಯ ವಯಸ್ಸು, ಅದು ಬಂದ ಬಗೆ, ಪ್ರವಾಹದಲ್ಲಿಯೋ ಚಿರತೆಯಿಂದಲೋ ಅದಕ್ಕೆ ಆದುದು, ಈಗ ಅದು ಯಾವುದಕ್ಕೆ, ಯಾವ ಹೊತ್ತಿನಲ್ಲಿ, ಎಷ್ಟು ದೂರದಿಂದ ಗುರುಗುಟ್ಟುತ್ತದೆ ಎಂಬುದನ್ನು ಬರೆದುಕೊಳ್ಳಬೇಕು. ಯಜಮಾನನು ಕಣ್ಣಾರೆ ಕಂಡದ್ದನ್ನು ಒಂದು ಕಡೆಯಲ್ಲಿಯೂ, ಊಹಿಸಿದ್ದನ್ನು ಇನ್ನೊಂದು ಕಡೆಯಲ್ಲಿಯೂ ಬೇರೆಯಾಗಿ ಬರೆಯಬೇಕು. ನಾಯಿಯ ಆಯುಷ್ಯ ಸಾಮಾನ್ಯವಾಗಿ ಹತ್ತು ಹನ್ನೆರಡು ವರ್ಷಗಳದು. 2018 ಮತ್ತು 2019ರ ನೀರನ್ನು ಕಂಡ ನಾಯಿಗಳಲ್ಲಿ ಉಳಿದಿರುವವು ಈಗ ಮುಪ್ಪಿನಲ್ಲಿವೆ. ಆದುದರಿಂದ ಈ ಕೆಲಸವನ್ನು ನಂಜನಗೂಡಿನಿಂದ ಆರಂಭಿಸುವುದು ಯುಕ್ತ.