ಅರೆಬರೆ ಲಸಿಕೆಗೂ ಒಂದು ಸಂಕೇತ

ಅಮೆರಿಕದ ಆಸ್ಪತ್ರೆಗಳು ಬಳಸುವ ಐಸಿಡಿ-10-ಸಿಎಂ ಎಂಬ ರೋಗಸಂಕೇತಗಳ ಪಟ್ಟಿಯಲ್ಲಿ, ನಿಗದಿಗಿಂತ ಕಡಿಮೆ ಪ್ರಮಾಣದ ಔಷಧ ದೇಹ ಸೇರುವುದನ್ನು ‘ಅಂಡರ್‌ಡೋಸಿಂಗ್’ ಎಂದು ಗುರುತಿಸಲಾಗುತ್ತದೆ. ನಾಯಿಕೆಮ್ಮಿನ ಅಂಶವುಳ್ಳ ಲಸಿಕೆಯಾದರೆ ಟಿ50.ಎ16, ಪೋಲಿಯೊದಂತಹ ವೈರಾಣು ಲಸಿಕೆಯಾದರೆ ಟಿ50.ಬಿ96, ಇವೆರಡರಲ್ಲೂ ಕೊನೆಯ 6 ಎಂಬ ಅಂಕಿಯೇ ಕೊರತೆಯ ಸೂಚಕ. ಕಂತುಗಳೇ ತಪ್ಪಿದ್ದರೆ ಮಾತ್ರ ಝಡ್28 ಎಂಬ ಬೇರೆ ವರ್ಗವಿದೆ.

ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ ತಾಲ್ಲೂಕುಗಳ ಆರೋಗ್ಯ ಕೇಂದ್ರಗಳಲ್ಲಿ ಲಸಿಕೆಯ ಕೊರತೆಯನ್ನು ತೋರಿಸುವ ಕೆಲಸವನ್ನು ಮಾಡುವುದು ಸಂಕೇತವಲ್ಲ, ತಾಯಿ-ಮಗುವಿನ ಆರೋಗ್ಯ ದಾಖಲೆಯಾದ ತಾಯಿ ಕಾರ್ಡ್. ಅದರಲ್ಲಿ, ನಾಯಿಕೆಮ್ಮಿನ ಅಂಶವೂ ಇರುವ ಪೆಂಟಾವೇಲೆಂಟ್ ಲಸಿಕೆಗೆ 6, 10 ಮತ್ತು 14ನೇ ವಾರದ ಮೂರು ಚೌಕಗಳಿರುತ್ತವೆ. ಆಂಧ್ರದ ಗಡಿಗೆ ಅಂಟಿಕೊಂಡಿರುವ ಪಾವಗಡದಿಂದ ಕೂಲಿಗಾಗಿ ಗುಳೆ ಹೋಗುವ ಕುಟುಂಬದ ಕಾರ್ಡಿನಲ್ಲಿ ಮೂರನೆಯದು ಖಾಲಿ ಉಳಿದರೆ, ಅದು ಕಂತಿನ ಕೊರತೆಯೇ ಹೊರತು ಪ್ರಮಾಣದ ಕೊರತೆಯಲ್ಲ.

ಪ್ರಮಾಣದ ಲೆಕ್ಕ ಇನ್ನೂ ಸೂಕ್ಷ್ಮವಾದುದು. ಚುಚ್ಚುಮದ್ದಿನ ಪೋಲಿಯೊ ಲಸಿಕೆಯ ಪೂರ್ಣ ಪ್ರಮಾಣ 0.5 ಮಿ.ಲೀ. ಆಗಿದ್ದರೂ ಭಾರತದ ಸರ್ಕಾರಿ ಲಸಿಕಾ ಕಾರ್ಯಕ್ರಮದಲ್ಲಿ 0.1 ಮಿ.ಲೀ.ಯನ್ನು ಚರ್ಮದ ಪದರದೊಳಗೆ ಕೊಡಲಾಗುತ್ತದೆ. ಐದರಲ್ಲೊಂದು ಪಾಲಾದರೂ ಅದೇ ಇಲ್ಲಿನ ನಿಗದಿತ ಪ್ರಮಾಣವಾದ್ದರಿಂದ, ಅದನ್ನು ಕೊರತೆಯೆಂದು ದಾಖಲಿಸುವ ಸಂಕೇತಕಾರನು ತಪ್ಪು ಮಾಡಿದಂತೆಯೇ ಸರಿ. ಇನ್ನು ಕಂತಿನ ಕೊರತೆಯ ಮಾತು: ಒಂದು ಕಂತು ತಡವಾದರೆ ಮೊದಲಿನಿಂದ ಆರಂಭಿಸಬೇಕಿಲ್ಲ. ಕಾರ್ಡ್ ಹಿಡಿದು ಹೋಗಿ ಉಳಿದದ್ದನ್ನು ಹಾಕಿಸಿಕೊಂಡರೆ ಸಾಕು.