ಪಂಜರದ ಹಕ್ಕಿಗೆ ಪರಿಮಳ ಬೇಕೆ?

ನವನಗರದ ಮನೆಗಳಲ್ಲಿ ಪಂಜರ ಕಂಡರೆ ಅದರಲ್ಲಿ ಹೆಚ್ಚಾಗಿ ಇರುವುದು ಬಜ್ರಿಗರ್ ಹಕ್ಕಿ. ನಾವು ಅದನ್ನು 'ಲವ್ ಬರ್ಡ್ಸ್' ಎನ್ನುತ್ತೇವೆ. ನಿಜವಾದ ಲವ್ ಬರ್ಡ್ ಆಫ್ರಿಕದ್ದು, ಇದು ಆಸ್ಟ್ರೇಲಿಯದ್ದು. (ನಮ್ಮ ಹಸಿರು ಗಿಳಿಯನ್ನು ಸಾಕುವುದು 1972ರ ವನ್ಯಜೀವಿ ಕಾಯ್ದೆಯ ಪ್ರಕಾರ ಅಪರಾಧ, ನೆನಪಿರಲಿ.)

ಪಟಾಕಿಗೆ, ಬೆಕ್ಕಿಗೆ ಬೆದರಿದ ಹಕ್ಕಿ ಮಂಕಾಗುತ್ತದೆ, ತನ್ನ ಪುಕ್ಕವನ್ನೇ ಕಿತ್ತುಕೊಳ್ಳುತ್ತದೆ. ಲ್ಯಾವೆಂಡರ್ ಅಥವಾ ನೀಲಗಿರಿ ಎಣ್ಣೆಯ ಸುವಾಸನೆಯಿಂದ ಅದನ್ನು ಸಮಾಧಾನಪಡಿಸಬಹುದೇ? ಮನುಷ್ಯರಿಗೆ 'ಸುಗಂಧ ಚಿಕಿತ್ಸೆ' ಇರುವಾಗ ಹಕ್ಕಿಗೇಕೆ ಬೇಡ ಎಂಬ ಪ್ರಶ್ನೆ ಸಹಜವೇ. ಉತ್ತರ ಹಕ್ಕಿಯ ಎದೆಗೂಡಿನಲ್ಲಿದೆ.

ನಮ್ಮ ಶ್ವಾಸಕೋಶ ತಿದಿಯಂತೆ ಉಬ್ಬಿ ಇಳಿಯುತ್ತದೆ. ಗಾಳಿ ಬಂದ ದಾರಿಯಲ್ಲೇ ಹೊರಹೋಗುತ್ತದೆ, ಒಂದಿಷ್ಟು ಹಳೆಯ ಗಾಳಿ ಒಳಗೇ ಉಳಿಯುತ್ತದೆ. ಹಕ್ಕಿಯ ಶ್ವಾಸಕೋಶ ಹಾಗೆ ಉಬ್ಬುವುದಿಲ್ಲ. ಸಾಮಾನ್ಯವಾಗಿ ಒಂಬತ್ತು ಗಾಳಿಚೀಲಗಳು ಅದಕ್ಕೆ ಗಾಳಿಯನ್ನು ಒಂದೇ ದಿಕ್ಕಿನಲ್ಲಿ ಹಾಯಿಸುತ್ತವೆ. ಉಸಿರು ಒಳಗೆಳೆದಾಗಲೂ ಹೊರಬಿಟ್ಟಾಗಲೂ ಅಲ್ಲಿ ಹೊಸ ಗಾಳಿಯೇ ಹರಿಯುತ್ತದೆ. ಹಾರಾಟಕ್ಕೆ ಬೇಕಾದ ಆಮ್ಲಜನಕ ದೊರೆಯುವುದು ಹೀಗೆ. ಆದರೆ ಗಾಳಿಯಲ್ಲಿ ವಿಷವಿದ್ದರೆ ಅದೂ ಅಷ್ಟೇ ಚುರುಕಾಗಿ ರಕ್ತ ಸೇರುತ್ತದೆ. ಬಜ್ರಿಗರ್‌ನ ತೂಕವಾದರೂ ಎಷ್ಟು? ಮೂವತ್ತು ನಲವತ್ತು ಗ್ರಾಂ!

ವಿಜ್ಞಾನಿ ಜಾನ್ ಸ್ಕಾಟ್ ಹಾಲ್ಡೇನ್ ಅವರ ಸಲಹೆಯಂತೆ ಬ್ರಿಟನ್ನಿನ ಕಲ್ಲಿದ್ದಲು ಗಣಿಗಳಲ್ಲಿ ಕೆನರಿ ಹಕ್ಕಿಗಳನ್ನು ಒಯ್ಯುತ್ತಿದ್ದರು. ಕಾರ್ಬನ್ ಮೊನಾಕ್ಸೈಡ್ ಇದ್ದರೆ ಹಕ್ಕಿ ಮೊದಲು ಕುಸಿಯುತ್ತಿತ್ತು, ಕಾರ್ಮಿಕರು ಎಚ್ಚೆತ್ತು ಹೊರಗೆ ಓಡುತ್ತಿದ್ದರು. 1986ರಲ್ಲಿ ಯಂತ್ರಗಳು ಆ ಕೆಲಸ ವಹಿಸಿಕೊಂಡವು.

ಆದ್ದರಿಂದ ಪಂಜರವಿರುವ ಕೋಣೆಯಲ್ಲಿ ಸುಗಂಧ ತೈಲ ಕಾಯಿಸುವುದಾಗಲಿ, ಆವಿಯಾಗಿಸುವ ಯಂತ್ರ ಇಡುವುದಾಗಲಿ ಬೇಡ. ನೀರಿನ ಬಟ್ಟಲಿಗೆ ಒಂದು ಹನಿಯೂ ಬೇಡ. ಪುಕ್ಕಕ್ಕೆ ಸವರಿದರಂತೂ ಅದು ಅಂಟಿಕೊಂಡು ಮೈಯ ಬಿಸುಪು ಹೋಗುತ್ತದೆ, ಕೊಕ್ಕಿನಿಂದ ತೀಡುವಾಗ ಎಣ್ಣೆ ಹೊಟ್ಟೆಗೂ ಸೇರುತ್ತದೆ. ನಿಮಗೆ ಪರಿಮಳ ಬೇಕೇ ಬೇಕೆಂದಿದ್ದರೆ ಬೇರೆ ಕೋಣೆಯಲ್ಲಿ ಬಾಗಿಲು ಹಾಕಿ, ಹೊರಗಿನ ಕಿಟಕಿ ತೆರೆದು ಬಳಸಿ. 'ನೈಸರ್ಗಿಕ' ಎಂಬ ಚೀಟಿ ನೋಡಿ ಮರುಳಾಗಬೇಡಿ, ದತ್ತೂರವೂ ನೈಸರ್ಗಿಕವೇ. ಊದಿನಕಡ್ಡಿ, ಲೋಬಾನ, ಕರ್ಪೂರ, ಸೊಳ್ಳೆಬತ್ತಿಗೂ ಇದೇ ಮಾತು. ನಾನ್‌ಸ್ಟಿಕ್ ಬಾಣಲೆ ಅತಿಯಾಗಿ ಕಾದಾಗ ಬರುವ ಅನಿಲ ಇನ್ನೂ ಅಪಾಯಕಾರಿ, ಹಕ್ಕಿಯನ್ನು ನಿಮಿಷಗಳಲ್ಲಿ ಕೊಲ್ಲಬಲ್ಲದು. ಅಡುಗೆಮನೆಯ ಬಳಿ ಪಂಜರ ಬೇಡ.

ಹಾಗಾದರೆ ಬೆದರಿದ ಹಕ್ಕಿಗೆ ಏನು ಮಾಡಬೇಕು? ಬೆದರಿಕೆಯ ಕಾರಣ ಹುಡುಕಿ. ಪಂಜರದ ಒಂದು ಬದಿ ಗೋಡೆಗಿರಲಿ. ನಮ್ಮ ಬಾಗಲಕೋಟೆಯ ಬಿಸಿಲು ನೇರ ಬೀಳದಿರಲಿ. ರಾತ್ರಿ ತೆಳು ಬಟ್ಟೆ ಹೊದಿಸಿ, ಟಿ.ವಿ. ಸದ್ದಿಲ್ಲದೆ ಹತ್ತು ಹನ್ನೆರಡು ತಾಸು ನಿದ್ದೆ ಮಾಡಲು ಬಿಡಿ. ಗುಂಪಿನ ಹಕ್ಕಿಯಾದ್ದರಿಂದ ಜೊತೆಯೂ ಬೇಕು. ಆದರೆ ಅದು ಕೊಕ್ಕು ತೆರೆದು ಏದುತ್ತಾ, ಉಸಿರಿಗೊಮ್ಮೆ ಬಾಲ ಕುಣಿಸುತ್ತಿದ್ದರೆ ತಡಮಾಡದೆ ಶುದ್ಧ ಗಾಳಿಗೆ ಒಯ್ದು, ಪಶುವೈದ್ಯರಲ್ಲಿಗೆ ಹೊರಡಿ.