ಮಗುವನ್ನು ಮನೆಯಿಂದ ಒಯ್ಯುವ ನ್ಯಾಯ

ನಮ್ಮ ಚಾಳಿನ ಕೆಳಗಿನ ಖೋಲಿಯಲ್ಲಿ ಒಬ್ಬ ಹುಡುಗನಿದ್ದಾನೆ. ಏಳನೆಯ ಇಯತ್ತೆ. ತಾಯಿ ಇಲ್ಲ. ತಂದೆ ಹಮಾಲಿ ಮಾಡುತ್ತಾನೆ. ಪಗಾರ ಬಂದ ದಿನದಿಂದ ಅದು ಮುಗಿಯುವ ದಿನದವರೆಗೆ ಕುಡಿಯುತ್ತಾನೆ. ಹೋದ ಮಳೆಗಾಲದಲ್ಲಿ ಒಂದು ರಾತ್ರಿ ಒಳಗಿನಿಂದ ಚಿಲಕ ಹಾಕಿಕೊಂಡು ಬಿದ್ದುಬಿಟ್ಟ. ಹುಡುಗ ಹೊರಗೆ ನೆನೆಯುತ್ತ ನಿಂತಿದ್ದ. ಅವ್ವ ಮೇಲೆ ಕರೆದು ಊಟಕ್ಕಿಟ್ಟಳು. ಅಷ್ಟರಲ್ಲಿ ನೆರೆಯ ಹೆಂಗಸರು ಕೂಡಿ, "ಪೊಲೀಸರಿಗೆ ಹೇಳೂಣು. ಹುಡುಗನ್ನ ರಿಮಾಂಡ್ ಹೋಮಿಗೆ ಒಯ್ತಾರ, ಹೊತ್ತಿಗೆ ಊಟರೆ ಸಿಗತೈತಿ" ಅಂದರು. ಹುಡುಗ ತಟ್ಟೆ ಅಲ್ಲೇ ಬಿಟ್ಟು ನನ್ನ ಬೆನ್ನ ಹಿಂದೆ ಬಂದು ಕೂತ. "ಅಣ್ಣಾ, ಖರೇನ ಒಯ್ತಾರೇನು?" ಎಂದು ಕೇಳಿದ.

ನಾನು ಬಿ.ಕಾಂ. ವಿದ್ಯಾರ್ಥಿ, ವ್ಯಾಪಾರ ಕಾಯಿದೆಯಲ್ಲಿ ಪಾಸಾದವನು. ಉತ್ತರ ಗೊತ್ತಿರಲಿಲ್ಲ.

ಕಾಯಿದೆ ಕಲಿಸುವ ನಮ್ಮ ಸರ್ ಅವರನ್ನು ಕೇಳಿದೆ. ಅವರು ನಕ್ಕು, ಅಮೆರಿಕದ ಕ್ಯಾಲಿಫೋರ್ನಿಯಾ ರಾಜ್ಯದ ಸುಪ್ರೀಂ ಕೋರ್ಟು 2023ರ ಡಿಸೆಂಬರಿನಲ್ಲಿ ಕೊಟ್ಟ ಒಂದು ತೀರ್ಪನ್ನು ಕೈಗಿಟ್ಟರು. ಏಳನೆಯವರೆಗೆ ಮುನಿಸಿಪಾಲಿಟಿಯ ಕನ್ನಡ ಶಾಲೆಯಲ್ಲಿ ಓದಿದ ನನಗೆ ಆ ಇಂಗ್ಲಿಷು ಕಬ್ಬಿಣದ ಕಡಲೆಯೇ. ನಿಘಂಟು ಇಟ್ಟುಕೊಂಡು ಎರಡು ವಾರ ಕೂತೆ. ತಿಳಿದಷ್ಟನ್ನು ಮಿತ್ರರ ಮುಂದಿಡುತ್ತೇನೆ.

ಅಲ್ಲಿ ಇಂಥ ಮಕ್ಕಳಿಗಾಗಿಯೇ ಡಿಪೆಂಡೆನ್ಸಿ ಕೋರ್ಟು ಎಂದು ಬೇರೆ ಇದೆ. ಮೊದಲು ತಿಳಿಯಬೇಕಾದದ್ದು, ಅದು ಅಪರಾಧದ ಕೋರ್ಟಲ್ಲ. ತಂದೆ ತಾಯಿಗೆ ಅಲ್ಲಿ ಜೈಲು ಶಿಕ್ಷೆ ಇಲ್ಲ. ಅಲ್ಲಿನ ಪ್ರಶ್ನೆ ಒಂದೇ, ಈ ಮಗು ಈ ಮನೆಯಲ್ಲಿ ಕ್ಷೇಮವೋ ಅಲ್ಲವೋ. ಜಿಲ್ಲೆಯ ಮಕ್ಕಳ ಇಲಾಖೆ ಮಗುವನ್ನು ಒಯ್ದರೆ, ರಜಾ ದಿನ ಬಿಟ್ಟು 48 ಗಂಟೆಗಳೊಳಗೆ ಅರ್ಜಿ ಹಾಕಬೇಕು. ಕೋರ್ಟಿನ ಮರುದಿನವೇ ವಿಚಾರಣೆ. ಬಡವರಿಗೆ ವಕೀಲರನ್ನು ಸರಕಾರವೇ ಕೊಡುತ್ತದೆ. ಮಗುವಿಗೂ ಬೇರೆ ವಕೀಲ! ಇದನ್ನು ಓದಿದಾಗ ನನಗೆ ನಮ್ಮ ಹುಡುಗ ಕರಿ ಕೋಟಿನವರ ಪಕ್ಕದಲ್ಲಿ ಚಡ್ಡಿ ಎಳೆದುಕೊಳ್ಳುತ್ತ ನಿಂತಂತೆ ಕಂಡಿತು.

ಅಳತೆಗೋಲು ಎರಡಿವೆ. ಮಗುವಿನ ವಿಷಯ ಕೋರ್ಟಿನ ಕೈಗೆ ಬರಲು ತಕ್ಕಡಿ ಇಲಾಖೆಯ ಕಡೆಗೆ ತುಸು ವಾಲಿದರೂ ಸಾಕು. ಮನೆಯಿಂದ ಬಿಡಿಸಿ ಒಯ್ಯಬೇಕಾದರೆ ಮಾತ್ರ ಸ್ಪಷ್ಟವಾಗಿ ಮನದಟ್ಟಾಗುವಂಥ ಸಾಕ್ಷ್ಯ ಬೇಕು.

ಇನ್ನು ಕುಡಿತದ ಮಾತು. ತಂದೆ ತಾಯಿಯ ದುಶ್ಚಟದಿಂದಾಗಿ ಮಗುವಿಗೆ ದೈಹಿಕವಾಗಿ ಗಂಭೀರ ಹಾನಿ ಆಗಿರಬೇಕು, ಅಥವಾ ಆಗುವ ದೊಡ್ಡ ಅಪಾಯ ಇರಬೇಕು ಎನ್ನುತ್ತದೆ ಅಲ್ಲಿನ ಕಾಯಿದೆಯ 300ನೆಯ ಕಲಮು. ಆದರೆ ಕೆಳಗಿನ ಕೆಲವು ಕೋರ್ಟುಗಳು ಒಂದು ಸುಲಭದ ದಾರಿ ಹಿಡಿದಿದ್ದವು. ಮಗು ತೀರ ಚಿಕ್ಕದು, ತಂದೆಗೆ ಚಟ ಇದೆ, ಅಂದಮೇಲೆ ಅಪಾಯ ಇದ್ದೇ ಇದೆ, ಬೇರೆ ಪುರಾವೆ ಏಕೆ? 2023ರ ಪ್ರಕರಣದಲ್ಲಿ ಮಗುವಿಗೆ ಎರಡು ವರ್ಷವೂ ತುಂಬಿರಲಿಲ್ಲ. ತಂದೆಯ ಪರೀಕ್ಷೆಯಲ್ಲಿ ಕೊಕೇನ್ ಸಿಕ್ಕಿತ್ತು. ಸುಪ್ರೀಂ ಕೋರ್ಟು ಈ ಸುಲಭದ ದಾರಿಯನ್ನು ಮುಚ್ಚಿತು. ಚಟವನ್ನು ಒಂದು ಕಡೆ ರುಜುವಾತು ಮಾಡಿ, ಅದರಿಂದ ಈ ಮಗುವಿಗೆ ಬರುವ ಅಪಾಯವನ್ನು ಬೇರೆಯಾಗಿ ರುಜುವಾತು ಮಾಡಿ ಎಂದಿತು. ನಮ್ಮ ಭಾಷೆಯಲ್ಲಿ ಹೇಳುವುದಾದರೆ ಒಂದೇ ವೋಚರಿನ ಮೇಲೆ ಎರಡು ಎಂಟ್ರಿ ಹಾಕುವ ಹಾಗಿಲ್ಲ. ಹಾಗೆಂದು ತಂದೆಯ ಮಾತನ್ನೆಲ್ಲ ಕೋರ್ಟು ಒಪ್ಪಲಿಲ್ಲ. ಡಾಕ್ಟರು ರೋಗವೆಂದು ಬರೆದುಕೊಟ್ಟರೆ ಮಾತ್ರ ಚಟ ಎನ್ನಬೇಕು ಎಂಬ ಅವನ ವಾದ ಬಿದ್ದುಹೋಯಿತು.

ಇದು ನನಗೆ ಸರಿ ಎನಿಸಿತು. ನಮ್ಮ ಚಾಳಿನಲ್ಲಿ ಕುಡಿಯುವ ಗಂಡಸರ ಮಕ್ಕಳನ್ನೆಲ್ಲ ಒಯ್ಯುವುದಾದರೆ ಎರಡು ಬಸ್ಸು ಬೇಕಾದೀತು. ಆದರೆ ಆ ರಾತ್ರಿ ಚಿಲಕ ಹಾಕಿದ ಬಾಗಿಲನ್ನು ನೋಡಿದವನಿಗೆ ಇಷ್ಟೇ ಸಮಾಧಾನ ಸಾಲದು.

ತೀರ್ಪಿಗಿಂತ ಹೆಚ್ಚು ಕಾಡಿದ್ದು ಅಲ್ಲಿನ ಗಡಿಯಾರ. ಮಗುವನ್ನು ಒಯ್ದ ಮೇಲೆ ತಂದೆ ತಾಯಿಗೆ ಚಿಕಿತ್ಸೆ, ಪರೀಕ್ಷೆ, ಭೇಟಿಯ ದಿನ ಎಲ್ಲ ಗೊತ್ತುಮಾಡಿ ಒಂದು ಅವಧಿ ಕೊಡುತ್ತಾರೆ. ಮೂರು ವರ್ಷ ತುಂಬದ ಮಗುವಾದರೆ ಮೊದಲಿಗೆ 6 ತಿಂಗಳು, ದೊಡ್ಡದಾದರೆ 12. ಬೆಳೆಸಿದರೆ 18, ಅಪರೂಪಕ್ಕೆ 24. ಅಷ್ಟರಲ್ಲಿ ಸುಧಾರಿಸದಿದ್ದರೆ ಮಗು ದತ್ತು ಹೋಗಬಹುದು, ಕರುಳಿನ ಹಕ್ಕೇ ಕಡಿದುಹೋಗಬಹುದು. ಮಗು ಹೊರಗಿನ ಆರೈಕೆಯಲ್ಲಿ ಕಳೆದ 22 ತಿಂಗಳಲ್ಲಿ 15 ತಿಂಗಳು ಇದ್ದರೆ ಹಕ್ಕು ರದ್ದತಿಗೆ ಹೆಜ್ಜೆ ಇಡಬೇಕು ಎಂದು 1997ರ ಕೇಂದ್ರ ಕಾಯಿದೆ, ಕೆಲವು ವಿನಾಯಿತಿಗಳುಂಟು. ಚಟ ಬಿಡುವವನು ಬಿಟ್ಟು, ಮತ್ತೆ ಹಿಡಿದು, ಮತ್ತೆ ಬಿಡುತ್ತಾನೆ. ಮಗುವೋ ದಿನದಿನಕ್ಕೆ ಬೆಳೆಯುತ್ತದೆ. ಎರಡು ಗಡಿಯಾರಕ್ಕೂ ಹೊಂದಿಕೆಯೇ ಇಲ್ಲ.

ಇದಕ್ಕಾಗಿ ಬೇರೆ ಬಗೆಯ ಕೋರ್ಟುಗಳೂ ಹುಟ್ಟಿದವು. ಅಮೆರಿಕದ ರೀನೋ ಊರಿನಲ್ಲಿ 1990ರ ದಶಕದಲ್ಲಿ, ಲಂಡನ್ನಿನಲ್ಲಿ 2008ರಲ್ಲಿ ನ್ಯಾಯಾಧೀಶ ನಿಕೊಲಸ್ ಕ್ರೈಟನ್ ಅವರ ಪ್ರಯತ್ನದಿಂದ. ಲಂಡನ್ನಿನದು ನನಗೆ ಹಿಡಿಸಿತು. ಒಬ್ಬರೇ ನ್ಯಾಯಾಧೀಶರು ಎರಡು ವಾರಕ್ಕೊಮ್ಮೆ ತಂದೆ ತಾಯಿಯನ್ನು ವಕೀಲರಿಲ್ಲದೆ ಎದುರಿಗೆ ಕೂಡಿಸಿಕೊಂಡು, ಹೇಗಿದ್ದೀರಿ, ಈ ಸಲ ಏನಾಯಿತು ಎಂದು ಮಾತಾಡಿಸುತ್ತಾರಂತೆ.

ನಮ್ಮಲ್ಲಿ? ರಿಮಾಂಡ್ ಹೋಮ್ ಎಂಬುದು ಹಳೆಯ ಹೆಸರು. 2015ರ ಬಾಲನ್ಯಾಯ ಕಾಯಿದೆಯ ಪ್ರಕಾರ ಇಂಥ ಮಗು ಮಕ್ಕಳ ಕಲ್ಯಾಣ ಸಮಿತಿಯ ಮುಂದೆ 24 ಗಂಟೆಗಳೊಳಗೆ ಬರಬೇಕು. ಅಧ್ಯಕ್ಷರು ಮತ್ತು ನಾಲ್ಕು ಸದಸ್ಯರು, ಅವರಲ್ಲಿ ಒಬ್ಬರಾದರೂ ಹೆಂಗಸು. ತಂದೆ ತಾಯಿ ಮಗುವನ್ನು ನೋಡಿಕೊಳ್ಳಲು ಅಯೋಗ್ಯರೋ ಅಶಕ್ತರೋ ಎಂದು ಸಮಿತಿ ತೀರ್ಮಾನಿಸುತ್ತದೆ. 15 ದಿನದಲ್ಲಿ ಮನೆಯ ವಿಚಾರಣೆ, 4 ತಿಂಗಳಲ್ಲಿ ಅಂತಿಮ ಆದೇಶ. ಸಂಸ್ಥೆಯಲ್ಲಿಡುವುದು ಕೊನೆಯ ಉಪಾಯ ಎಂದು ಕಾಯಿದೆಯೇ ಹೇಳುತ್ತದೆ. ಮಗು ಆಪತ್ತಿನಲ್ಲಿದ್ದರೆ ಫೋನ್ ಮಾಡಬೇಕಾದ ನಂಬರು 1098.

ನಾನು ಆ ನಂಬರನ್ನು ಎರಡು ಸಲ ಒತ್ತಿ, ರಿಂಗಾಗುವ ಮೊದಲೇ ಇಟ್ಟುಬಿಟ್ಟೆ. ತಪ್ಪೋ ಸರಿಯೋ ಈಗಲೂ ಹೇಳಲಾರೆ. ಹುಡುಗ ಸದ್ಯ ನಮ್ಮಲ್ಲೇ ಮಲಗುತ್ತಾನೆ, ನನ್ನ ಪಕ್ಕದಲ್ಲಿ ಕೂತು ಲೆಕ್ಕ ಮಾಡುತ್ತಾನೆ. ತಂದೆ ರವಿವಾರ ಮುಂಜಾನೆ ಸ್ನಾನ ಮಾಡಿ ಬರುತ್ತಾನೆ. ಅವ್ವ ಹೊಸ್ತಿಲಲ್ಲೇ ನಿಲ್ಲಿಸಿ, "ತಮ್ಮಾ, ಒಂದು ಉಸುರು ಬಿಡು ನೋಡೂಣು" ಎನ್ನುತ್ತಾಳೆ. ವಾಸನೆ ಇಲ್ಲದಿದ್ದರೆ ಒಳಗೆ ಚಹಾ. ಹೋದ ರವಿವಾರ ಚಹಾ ಕುಡಿದು ಹೋದ. ಅದರ ಹಿಂದಿನ ರವಿವಾರ ಮೆಟ್ಟಿಲಲ್ಲೇ ಕೂತು ತಿರುಗಿ ಹೋಗಿದ್ದ.